ಕಣಿವೆಯಲ್ಲಿ ಸಿಕ್ಕ ಕಾಕು

ಹಿಮಾಲಯದ ಆ ಕಣಿವೆಯಲ್ಲಿ ದಿನಗಟ್ಟಲೆ ನಡೆದರೂ ಒಂದು ನರಪಿಳ್ಳೆ ಸಿಗುವುದಿಲ್ಲ ಎಂದಿದ್ದಕ್ಕೇ ನಾನು ಹೋಗಿದ್ದೆ. ಏರು ಹತ್ತಲಾರದೆ ಬಂಡೆಯ ಮೇಲೆ ಕುಸಿದು, "ಯವ್ವಾ, ಕಾಲ ಹೋದ್ವು" ಎಂದು ನರಳಿದೆ.

"ಯಾವೂರ್ರಿ?" ಬಂಡೆಯಾಚೆಯಿಂದ ದನಿ ಬಂತು.

ಇಣುಕಿದರೆ, ಉಣ್ಣೆ ಟೊಪ್ಪಿಗೆ ಹಾಕಿದ್ದ ನಡುವಯಸ್ಸಿನ ಹೆಂಗಸೊಬ್ಬರು ಗಂಡನಿಗೆ ಬುತ್ತಿ ಬಿಚ್ಚುತ್ತಿದ್ದರು.

"ಅಥಣಿರಿ."

"ನಾವು ಐಗಳಿಯವ್ರು. ಅಥಣ್ಯಾಗ ಯಾರ ಪೈಕಿ?"

ಹೇಳಿದೆ. ಮೊದಲ ರೊಟ್ಟಿ ಮುಗಿಯುವಷ್ಟರಲ್ಲಿ ಅವರು ಯಾವುದೋ ನಂಟು ಹಿಡಿದು ನನಗೆ ಕಾಕು, ಅಂದರೆ ಚಿಕ್ಕಪ್ಪನ ಹೆಂಡತಿ, ಆಗಿದ್ದರು. ಎರಡನೆಯದನ್ನು ಕೈಗಿಡುತ್ತ, "ಲಗ್ನ ಆಗೇತೇನಪಾ?" ಎಂದರು.

"ಇಲ್ರಿ ಕಾಕು."

"ಉಗಾರದಾಗ ನಮ್ಮ ತಂಗಿ ಮಗಳದಾಳ. ಭಾಳ ಶಾಣ್ಯಾ ಹುಡುಗಿ. ಈ ಗುಡ್ಡಕ್ಕ ನಮ್ಮ ಕೂಡ ಬಾ ಅಂತ ಎಷ್ಟ ಕರದ್ರೂ ಬರಲಿಲ್ಲ."

ಇಡೀ ಪ್ರವಾಸದಲ್ಲಿ ನಾನು ಕೇಳಿದ ಬುದ್ಧಿವಂತಿಕೆಯ ಮಾತು ಅದೊಂದೇ.

"ಫೋಟೋ ಐತೇನ್ರಿ?" ಎಂದೆ.