ಗುಲಾಬಿ ತಲಬಾಗಿಲು

ಮಿರಗದ ಮಳೆ (ಅದೇ, ಮೃಗಶಿರಾ) ಬರುವ ಮುಂಚೆ ಮನಗೂಳಿಯ ಒಂದು ಓಣಿಯಲ್ಲಿ ತಲಬಾಗಿಲೊಂದು ಗುಲಾಬಿ ಬಣ್ಣಕ್ಕೆ ತಿರುಗಿತು. ಎಂಥ ಗುಲಾಬಿ ಅಂತೀರಿ? ಬೊಂಬಾಯಿ ಮಿಠಾಯಿ ಗುಲಾಬಿ! ಓಣಿಯ ಮಂದಿ ನಿಂತು ನೋಡಿದರು. ಒಬ್ಬರು ಮೊಬೈಲಿನಲ್ಲಿ ಫೋಟೋ ಕೂಡ ಹೊಡೆದುಕೊಂಡರು.

ಹಚ್ಚಿದವಳು ನಾನೇ. ಬೈಯುವುದಿದ್ದರೆ ಪೂರ್ತಿ ಓದಿ ಬೈಯಿರಿ.

ಅದು ನನ್ನ ಅಕ್ಕ ಸುವರ್ಣಾಳ ಮನೆ. ಮನೆಗೆ ಹತ್ತಿಕೊಂಡೇ ಅವಳ ಹಿಟ್ಟಿನ ಗಿರಣಿ. ಹೋದ ದೀಪಾವಳಿಯ ಹೊತ್ತಿಗೆ ಮಾಮ (ಅಕ್ಕನ ಗಂಡನನ್ನು ನಾವು ಕರೆಯುವುದೇ ಹಾಗೆ) ತೀರಿಹೋದರು. ಈಗ ಮನೆಯಲ್ಲಿ ಅಕ್ಕ ಮತ್ತು ಕಾಲೇಜಿಗೆ ಹೋಗುವ ಮಗಳು, ಇಬ್ಬರೇ. ಗಿರಣಿ ಮಾತ್ರ ನಿಂತಿಲ್ಲ. ಊರಿನ ರೊಟ್ಟಿ ನಿಲ್ಲುತ್ತದೆಯೇ?

ಸಮಸ್ಯೆ ಇದ್ದದ್ದು ತಲಬಾಗಿಲಿನದು. ಹಿಂದಿನ ಮಳೆಗಾಲದಲ್ಲಿ ಎರಚಲು ಬಡಿದು ಅದರ ಕೆಳಭಾಗ ಉಬ್ಬಿಹೋಗಿತ್ತು. ಚಿಲಕ ತೂತಿಗೆ ಕೂಡುತ್ತಿರಲಿಲ್ಲ. ಮಾಮ ಇದ್ದಾಗ ಹೆಗಲು ಕೊಟ್ಟು ದೂಡಿ ಹಾಕುತ್ತಿದ್ದರು. ಅವರು ಹೋದಮೇಲೆ ಅಕ್ಕ, ಮಗಳು ಸೇರಿ ಜೋಳದ ಚೀಲ ಎಳೆದು ತಂದು ಬಾಗಿಲಿಗೆ ಅಡ್ಡ ಇಟ್ಟು ಮಲಗುತ್ತಿದ್ದರು. ಇಬ್ಬರು ಹೆಣ್ಣುಮಕ್ಕಳಿರುವ ಮನೆಯಲ್ಲಿ ಚಿಲಕ ಬೀಳದ ಬಾಗಿಲು ಅಂದರೆ ಏನು ಅಂತ ನಾನು ಬಿಡಿಸಿ ಹೇಳಬೇಕೇ?

ಬೇಸಿಗೆಯಲ್ಲಿ ಗೊಳಸಂಗಿಯಿಂದ ಬಡಿಗ ಬಂದ. ಉಬ್ಬಿದ್ದಕ್ಕೆ ರಂದಾ ಹೊಡೆದು, ಹೆರೆದು ಸಮ ಮಾಡಿದ. ಚಿಲಕ ಟಕ್ಕನೆ ಬಿತ್ತು. ಹೋಗುವಾಗ ಒಂದು ಮಾತು ಹೇಳಿದ.

"ಅಕ್ಕಾರ, ಕಟ್ಟಿಗಿ ಈಗ ಬತ್ತಲ ಆಗೇತ್ರಿ. ಮಿರಗಾ ಕೂಡೋದ್ರಾಗ ಬಣ್ಣ ಕುಡಸ್ರಿ. ಇಲ್ಲಂದ್ರ ನೀರು ಕುಡದು ಮತ್ತ ಉಬ್ಬತೈತಿ."

ಇಷ್ಟೇ ತಾನೇ ಅಂದುಕೊಂಡೆ. ನನ್ನ ಮನೆಯ ಹೊರಗೋಡೆಗೆ ಹಚ್ಚಿ ಉಳಿದ ಅರ್ಧ ಬಕೆಟ್ ಬಣ್ಣ ಮಾಳಿಗೆಯ ಮೇಲೆ ಬಿದ್ದಿತ್ತು. ನಾನಿರುವ ಬಾಗೇವಾಡಿಯ ಬಣ್ಣದಂಗಡಿಯವನನ್ನು ಕೇಳಿದೆ, ಇದೇ ಬಾಗಿಲಿಗೂ ನಡೆಯುತ್ತದಲ್ಲ? ಅವನು ನನ್ನನ್ನು ಮೇಲಿಂದ ಕೆಳಗೆ ನೋಡಿದ.

"ಅದು ನೀರಿನ ಬಣ್ಣರೀ, ಗ್ವಾಡೀದು. ಗ್ವಾಡಿ ನಿಂತಲ್ಲೇ ನಿಂತಿರ್ತೈತಿ, ಬಿಸಲಾ ಮಳಿ ತಡಕೊಂಡ್ರ ಆತು. ಬಾಗಲಾ ಹಂಗಲ್ರಿ. ದಿನಾ ತಗೀತೀರಿ, ಹಾಕ್ತೀರಿ, ಕೈ ಹಚ್ತೀರಿ, ಸಿಟ್ಟ ಬಂದ್ರ ಒದೀತೀರಿ. ಬಾಗಲಕ್ಕ, ಚೌಕಟ್ಟಿಗಿ ಎಣ್ಣಿ ಬಣ್ಣಾನ ಬೇಕು. ಕೆಳಗ ಒಂದು ಅಸ್ತರ, ಮ್ಯಾಲ ಎರಡು ಕೋಟ್."

(ಅಸ್ತರ ಅಂದರೆ ಪ್ರೈಮರ್. ಮಾರುವವನ ಮಾತನ್ನು ಅರ್ಧ ನಂಬಬೇಕಂತೆ. ಈ ಅರ್ಧ ನಂಬಿದೆ.)

ಮರುದಿನ ಮನಗೂಳಿಗೆ ಹೋದರೆ ಗಿರಣಿ ಮುಂದೆ ಅಕ್ಕನ ಭಾವನವರು ನಿಂತಿದ್ದರು. ಮಾಮನ ಸ್ವಂತ ಅಣ್ಣ, ಮನೆತನದ ಹಿರಿಯರು. ಬಣ್ಣದ ಸುದ್ದಿ ನನಗಿಂತ ಮೊದಲೇ ಅವರನ್ನು ಮುಟ್ಟಿತ್ತು. ಜೋಳದ ಡಬ್ಬಿ ಹಿಡಿದು ಪಾಳಿಗೆ ನಿಂತಿದ್ದ ಹೆಣ್ಣುಮಕ್ಕಳಿಗೆಲ್ಲ ಕೇಳುವಂತೆ ಮಾತು ತೆಗೆದರು.

"ಏನ ಸುವರ್ಣಾ, ಇನ್ನ ವರ್ಷ ತುಂಬಿಲ್ಲ. ದುಃಖದ ಮನಿಗೆ ಬಣ್ಣ ಹಚ್ಚಾಕ ಹೊಂಟೀರಂತ?"

ಅಕ್ಕ ಹಿಟ್ಟಿನ ಕೈಯಲ್ಲಿ ತಲೆತಗ್ಗಿಸಿ ನಿಂತಳು. ಸುಮ್ಮನಿರುವ ಗುಣ ನಮ್ಮ ಮನೆಯಲ್ಲಿ ಅವಳೊಬ್ಬಳಿಗೇ ಬಂದಿದೆ. ನನ್ನ ಪಾಲಿಗೆ ಉಳಿದಿಲ್ಲ.

"ಅಣ್ಣಾರ, ಯುಗಾದಿಗೆ ನಿಮ್ಮ ಮನಿಗೆ ಗಿಳಿಹಸರ ಬಣ್ಣ ಹೊಡಸೀರಲ್ರಿ. ಸತ್ತಾಂವ ನಿಮಗೂ ತಮ್ಮ ಅಲ್ಲೇನ್ರಿ?"

"ಅದು ಹೊರಗಿನ ಗ್ವಾಡಿ, ತಂಗಿ. ಮಗಳ್ನ ನೋಡಾಕ ಇಂಡಿಯಿಂದ ಬೀಗರು ಬರಾವ್ರಿದ್ರು. ನಾಕ ಮಂದಿ ನೋಡೋದು ಛಂದ ಇರಬೇಕಲ್ಲ? ತಲಬಾಗಲಾ ಅಂದ್ರ ಬ್ಯಾರೆ. ತಲಬಾಗಲಕ್ಕ ಬಣ್ಣ ಬಿತ್ತಂದ್ರ ಆ ಮನ್ಯಾಗ ಏನೋ ಸಂಭ್ರಮ ಐತಿ ಅಂತಾರ."

ಕೇಳಿದಿರಾ? ನಾಲ್ಕು ಮಂದಿ ನೋಡುವ ಗೋಡೆಗೆ ದುಃಖವಿಲ್ಲ. ಇಬ್ಬರು ಹೆಂಗಸರನ್ನು ಕಾಯುವ ಬಾಗಿಲಿಗೆ ಮಾತ್ರ ವರ್ಷಪೂರ್ತಿ ದುಃಖ! ಪುರಾಣ ಹೇಳೋಕೆ, ಬದನೆಕಾಯಿ ತಿನ್ನೋಕೆ ಅಂತ ಹಿರಿಯರು ಸುಮ್ಮನೆ ಹೇಳಿಲ್ಲ. ಜೋಳದ ಚೀಲದ ಸಂಗತಿಯನ್ನು ನಾನು ಅಲ್ಲೇ, ಎಲ್ಲರ ಮುಂದೆ ಬಿಚ್ಚಿಟ್ಟೆ. ಪಾಳಿಯಲ್ಲಿದ್ದ ಹೆಣ್ಣುಮಕ್ಕಳು ಒಬ್ಬರ ಮುಖ ಒಬ್ಬರು ನೋಡಿದರು. ಭಾವನವರಿಗೆ ಇರುಸುಮುರುಸಾಯಿತು. ಸ್ವಲ್ಪ ಇಳಿದುಬಂದರು.

"ಕಟ್ಟಿಗಿ ಕೆಡತೈತಿ ಅಂದ್ರ ಅಸ್ತರಷ್ಟ ಹಚ್ರಿ. ಅಸ್ತರ ಅಂದ್ರ ಬಣ್ಣ ಅಲ್ಲ. ಮುಂದಿಂದು ವರ್ಷ ತುಂಬಿದ ಮ್ಯಾಲ ನೋಡೂಣು."

ತೀರ್ಪು ಕೊಟ್ಟು, ಧೋತರ ಸರಿಮಾಡಿಕೊಂಡು ಹೊರಟುಹೋದರು.

ಬರೀ ಅಸ್ತರಕ್ಕೆ ಯಾವ ಪೇಂಟರ್ ಬರುತ್ತಾನೆ? ನಾನೇ ಅಂಗಡಿಗೆ ಹೋದೆ. ಕಟ್ಟಿಗೆಯ ಅಸ್ತರ ಬಿಳಿಯೂ ಸಿಗುತ್ತದೆ, ಗುಲಾಬಿಯೂ ಸಿಗುತ್ತದೆ. ಅಂಗಡಿಯವನ ಕೈಗೆ ಮೊದಲು ಸಿಕ್ಕಿದ್ದು ಗುಲಾಬಿ. (ಬಿಳಿ ಇದೆಯಾ ಅಂತ ನಾನು ಕೇಳಲಿಲ್ಲ. ಯಾಕೆ ಕೇಳಬೇಕು?) ಬಾಗಿಲನ್ನು ಸ್ಯಾಂಡ್‌ಪೇಪರಿನಿಂದ ಉಜ್ಜಿ, ಒರೆಸಿ, ಸೆರಗು ಸಿಗಿಸಿಕೊಂಡು ಬ್ರಷ್ ಹಿಡಿದೆ. ಸಂಜೆಯ ಹೊತ್ತಿಗೆ ಓಣಿಗೆ ಓಣಿಯೇ ಹೊಳೆಯತೊಡಗಿತು.

"ಯವ್ವಾ, ಯಾರ ಲಗ್ನರೀ?" ಅಂತ ಎದುರು ಮನೆಯ ಅಜ್ಜಿ ಕೇಳಿದಳು.

ಭಾವನವರು ಏದುಸಿರು ಬಿಡುತ್ತ ಬಂದರು. ತಮ್ಮ ಮನೆ ಕಟ್ಟಿಸಿದವರು, ಬಣ್ಣ ಮಾಡಿಸಿದವರು. ಆದರೆ ಅಸ್ತರ ಹಚ್ಚುವಾಗ ನಿಂತು ನೋಡಿದವರಲ್ಲ; ಅದು ಗುಲಾಬಿಯೂ ಇರುತ್ತದೆ ಅಂತ ಎಲ್ಲಿ ಗೊತ್ತು?

"ಏ ತಂಗಿ, ಏನಿದು? ನಾಟಕದ ಪರದೆ ಮಾಡೀರೇನು?"

"ನೀವ ಹೇಳಿದ ಅಸ್ತರಾನ್ರಿ ಅಣ್ಣಾರ. ಬಣ್ಣ ಅಲ್ಲರೀ ಇದು. ವರ್ಷ ತುಂಬೂತನ ಹಿಂಗ ಇರ್ತೈತಿ."

ಒಳಗಿನಿಂದ ಯಾರೋ ಕಿಸಕ್ಕನೆ ನಕ್ಕರು. ತಿರುಗಿ ನೋಡಿದರೆ ಅಕ್ಕ! ಬಾಯಿಗೆ ಸೆರಗು ಹಿಡಿದುಕೊಂಡು ನಗುತ್ತಿದ್ದಳು. ದೀಪಾವಳಿಯಿಂದೀಚೆ ಅವಳ ನಗು ನಾನು ಕೇಳಿರಲಿಲ್ಲ. ನನಗೆ ಕಣ್ಣು ತುಂಬಿ ಬಂತು, ಸುಳ್ಳು ಯಾಕೆ ಹೇಳಲಿ.

"ಇದರ ಮ್ಯಾಲ ಏನರ ಬಡೀರಿ ಮಾರಾಯ್ತಿ," ಭಾವನವರು ಅತ್ತಿತ್ತ ನೋಡಿ ದನಿ ಇಳಿಸಿದರು. "ಕಂದು ಬಣ್ಣ ಬಡೀರಿ, ಕಣ್ಣಿಗೆ ಹೊಡೀದಂಗ."

ನೋಡಿ, ವರ್ಷದ ನಿಯಮ ಎಲ್ಲಿ ಓಡಿಹೋಯಿತೋ! ಮಂದಿ ನಕ್ಕರೆ ಸಾಕು, ಶಾಸ್ತ್ರಕ್ಕೆ ಕಾಲು ಬರುತ್ತದೆ. ನಾನು ಬಾಯಿ ತೆರೆಯುವಷ್ಟರಲ್ಲಿ ಅಕ್ಕ ಹೊಸ್ತಿಲಿಗೆ ಬಂದು ನಿಂತಳು.

"ಬಣ್ಣ ನಾ ಆರಸ್ತೇನ್ರಿ ಭಾವಾರ. ಬಾಗಲಕ್ಕ ಅರಿಷಿಣ, ಚೌಕಟ್ಟಿಗಿ ಕುಂಕಮ."

ಭಾವನವರು ಏನೋ ಹೇಳಲು ಹೋದರು. ಅಕ್ಕ ಬಿಡಲಿಲ್ಲ.

"ನನ್ನ ಹಣೀ ಮ್ಯಾಗಿಂದು ಅಳಸೂ ಮುಂದ ಯಾರೂ ನನ್ನ ಕೇಳ್ಲಿಲ್ರಿ. ನಾನೂ ಸುಮ್ಮನಿದ್ದೆ. ಈ ಬಾಗಲಾ ನಂದು. ಇದಕ್ಕ ನಾನೂ ಯಾರನ್ನೂ ಕೇಳಂಗಿಲ್ಲ."

ಅವತ್ತು, ಮಾಮನ ಹೆಣದ ಮುಂದೆ, ನಾಲ್ಕು ಹೆಂಗಸರು ಸೇರಿ ಅವಳ ಕುಂಕುಮ ಒರೆಸಿದಾಗ ನಾನೂ ಅಲ್ಲೇ ಇದ್ದೆ. ಅದು ಅವಳನ್ನು ಇಷ್ಟು ದಿನ ಸುಡುತ್ತಿತ್ತು ಅಂತ ನನಗೆ ಗೊತ್ತಾಗಿದ್ದು ಈಗ. ಇಂಥದ್ದನ್ನೆಲ್ಲ ಬಿಟ್ಟಿದ್ದೇವೆ ಅಂತ ಭಾಷಣ ಮಾಡುವವರಿಗೆ ನಮ್ಮ ಸೀಮೆಯಲ್ಲಿ ಕೊರತೆಯಿಲ್ಲ. ಸಿಂದಗಿಗೆ ಹೋಗಿ, ಮುದ್ದೇಬಿಹಾಳಕ್ಕೆ ಹೋಗಿ, ವೇದಿಕೆ ಮೇಲೆಲ್ಲ ಇದೇ ಮಾತು. ವೇದಿಕೆಯೂ ಹೊರಗೋಡೆಯೇ ಅಲ್ಲವೇ? ಬಣ್ಣ ಚೆನ್ನಾಗಿಯೇ ಇರುತ್ತದೆ.

ಮುಂದಿನ ಎರಡು ಕೋಟ್ ಅಕ್ಕನೇ ಹಚ್ಚಿದಳು. ನನಗೆ ಬ್ರಷ್ ಮುಟ್ಟಗೊಡಲಿಲ್ಲ. ಬಾಗಿಲು ಹಳದಿ, ಚೌಕಟ್ಟು ಕೆಂಪು. ಅವಳ ಹಣೆ ಇನ್ನೂ ಬರಿದೇ ಇದೆ. ಅದೂ ಅವಳಿಗೇ ಬಿಟ್ಟದ್ದು, ನಾನೂ ಬಾಯಿ ಹಾಕುವುದಿಲ್ಲ.

ಮಿರಗ ಈ ಸಲ ಜೋರಾಗಿಯೇ ಬಂತು. ಎರಚಲು ಬಡಿದ ನೀರೆಲ್ಲ ಬಾಗಿಲ ಮೇಲಿಂದ ಜಾರಿ ಕೆಳಗಿಳಿಯಿತು. ಬಾಗಿಲು ಉಬ್ಬಲಿಲ್ಲ. ಜೋಳದ ಚೀಲ ಗಿರಣಿಯಲ್ಲೇ ಉಳಿಯಿತು.

ಮಳೆ ನಿಂತಮೇಲೆ ಭಾವನವರು ಜೋಳ ಬೀಸಿಸಲು ಬಂದರು. (ಸಿಟ್ಟು ಸಿಟ್ಟಿನ ಜಾಗದಲ್ಲಿ, ರೊಟ್ಟಿ ರೊಟ್ಟಿಯ ಜಾಗದಲ್ಲಿ.) ಡಬ್ಬಿ ಕೆಳಗಿಟ್ಟು, ಬಾಗಿಲು ನೋಡಿ, ತಡೆಯಲಾರದೆ ಅಂದರು.

"ಮಂದಿ ಮಾತಾಡಾಕತ್ತಾರ ಸುವರ್ಣಾ."

"ಮಂದಿ ನಿಮ್ಮ ಗ್ವಾಡಿ ನೋಡ್ಲಿ ಬಿಡ್ರಿ ಭಾವಾರ," ಅಕ್ಕ ಡಬ್ಬಿ ಎತ್ತಿಕೊಂಡಳು. "ಈ ಚಿಲಕಾ ಹಾಕ್ಕೊಂಡು ಒಳಗ ಮಲಗಾಕಿ ನಾನು."

ನಿಮ್ಮ ಮನೆಯ ತಲಬಾಗಿಲಿನ ಬಣ್ಣ ಆರಿಸಿದ್ದು ಯಾರು, ಚಿಲಕ ಹಾಕಿಕೊಳ್ಳುವವರೋ, ಓಣಿಯವರೋ?