ಸಿಹಿನೀರಿನ ದೋಣಿ

ನಾನು ಚಿಕ್ಕವಳಿದ್ದಾಗ ಕದ್ವಾಡದ ನಮ್ಮ ಮನೆಯಿಂದ ಯಾರೂ ಗಡಿಯಾರ ನೋಡಿ ಕಾರವಾರಕ್ಕೆ ಹೊರಡುತ್ತಿರಲಿಲ್ಲ, ಕಾಳಿ ಹೊಳೆಯನ್ನು ನೋಡಿ ಹೊರಡುತ್ತಿದ್ದರು. ನೀರು ಸಮುದ್ರದ ಕಡೆಗೆ ಇಳಿಯತೊಡಗಿದರೆ ದೋಣಿ ಹೆಚ್ಚು ಶ್ರಮವಿಲ್ಲದೆ ಕಾರವಾರದ ಕೋಡಿಬಾಗ ಮುಟ್ಟುತ್ತಿತ್ತು. ಸಮುದ್ರ ಉಬ್ಬಿ ಹೊಳೆಯೊಳಗೆ ನುಗ್ಗಿದಾಗ ಅದೇ ನೀರು ನಮ್ಮನ್ನು ಮರಳಿ ಊರಿಗೆ ತಂದುಬಿಡುತ್ತಿತ್ತು.

ಕೋಡಿಬಾಗದಲ್ಲಿ ಹೊಳೆಯ ದಂಡೆಯ ಹತ್ತಿರ ಇಗರ್ಜಿಯವರು ನಡೆಸುವ ಒಂದು ದವಾಖಾನೆ ಇತ್ತು. ಬಿಳಿ ಸೀರೆಯ ಸಿಸ್ಟರ್‌ಗಳು ಮೊದಲು ಬಂದಾಗ ಅದೊಂದು ಬಾಡಿಗೆಯ ಹಂಚಿನ ಮನೆಯಾಗಿತ್ತಂತೆ. ಎರಡು ಬೆಂಚು, ಒಂದು ಔಷಧದ ಕಪಾಟು, ಅಷ್ಟೇ. ಮೀನುಗಾರರ ಮನೆಯವರು ಮಾತ್ರ ಹೋಗುತ್ತಿದ್ದರು. ಅಲ್ಲಿ ಔಷಧ ಕುಡಿದರೆ ಜಾತಿ ಹೋಗುತ್ತದೆ ಎಂದು ನಮ್ಮಂಥ ಬೇಸಾಯದ ಮನೆಗಳಲ್ಲಿ ಹೆದರಿಕೆ. ಆಮೇಲೊಂದು ಮಳೆಗಾಲದಲ್ಲಿ ಊರೂರಿಗೆ ಜ್ವರ ಹಬ್ಬಿತು. ಸಿಸ್ಟರ್‌ಗಳು ಸೀರೆ ಎತ್ತಿ ಕಟ್ಟಿಕೊಂಡು, ಗದ್ದೆಯ ಹಾಳೆ ಎನ್ನುವ ಕಿರಿದಾದ ಬದುವಿನ ಮೇಲೆ ಜಾರುತ್ತ, ಮನೆಮನೆಗೆ ಗುಳಿಗೆ ಹಂಚಿದರು. ದೇವರನ್ನು ಬಿಡಿ ಎಂದು ಯಾರಿಗೂ ಹೇಳಲಿಲ್ಲ. ಆಗ ಅರ್ಧ ಹೆದರಿಕೆ ಹೋಯಿತು. ಇನ್ನರ್ಧ ನನ್ನ ಅಜ್ಜಿಯಂಥವರಲ್ಲಿ ಗಟ್ಟಿಯಾಗಿ ಕೂತಿತ್ತು.

ಒಂದು ವೈಶಾಖದಲ್ಲಿ ನನ್ನ ಅಕ್ಕನಿಗೆ ಹೊಟ್ಟೆನೋವು ಬಂತು. ಅಕ್ಕನಿಗೆ ಇನ್ನೂ ಮದುವೆಯಾಗಿರಲಿಲ್ಲ. ಭತ್ತ ಕುಟ್ಟುವಾಗ ಒನಕೆಯ ತಾಳಕ್ಕೆ ಹಾಡುತ್ತಿದ್ದವಳು ಮೊಣಕಾಲನ್ನು ಎದೆಗೆ ಒತ್ತಿಕೊಂಡು ಚಾಪೆಯ ಮೇಲೆ ಒದ್ದಾಡಿದಳು. ಓಮದ ಕಷಾಯ ಆಯಿತು, ಹರಕೆ ಆಯಿತು. ನೋವು ಇಳಿಯಲಿಲ್ಲ. ಅಜ್ಜಿ ಬೇಡವೆಂದರೂ ಅಪ್ಪ ಅಕ್ಕನನ್ನು ಎತ್ತಿ ದೋಣಿಯಲ್ಲಿ ಮಲಗಿಸಿದ. ಡಾಕ್ಟರ್ ಸಿಸ್ಟರ್ ಅದೇ ದಿನ ಆಪರೇಶನ್ ಮಾಡಿದರು. ಅವರು ಮಂಗಳೂರು ಕಡೆಯವರು. ಅವರ ಕೊಂಕಣಿ ಕೇಳಿ ನಮ್ಮ ಕಾರವಾರದವರಿಗೆ ನಗು ಬರುತ್ತಿತ್ತು, ಆದರೆ ಅವರ ಮುಖ ನೋಡಿದರೆ ನಗು ನಿಂತುಬಿಡುತ್ತಿತ್ತು. ಒಳಗೆ ಕರುಳಿನ ಹತ್ತಿರ ಕೀವು ತುಂಬಿ ಒಡೆದಿತ್ತಂತೆ. ಅಕ್ಕ ಬದುಕಿದಳು, ಆದರೆ ಏಳಲಾರದೆ ಮಲಗಿದಳು.

ಅಮ್ಮನನ್ನು ನಾವು ಆಯಿ ಎನ್ನುತ್ತಿದ್ದೆವು. ನಾನೂ ಆಯಿಯೂ ಅಲ್ಲೇ ಉಳಿದೆವು. ವಾರ್ಡಿನಲ್ಲಿ ಫಿನಾಯಿಲ್ ವಾಸನೆ, ಹೊರಗೆ ಒಣಮೀನಿನ ವಾಸನೆ. ಬೆಳಗ್ಗೆ ಇಗರ್ಜಿಯ ಗಂಟೆ ಹೊಡೆದರೆ ಆಯಿ ಮಲಗಿದ್ದಲ್ಲೇ ಎದ್ದು ಕೂತು ನಮ್ಮ ದೇವರಿಗೆ ಕೈಮುಗಿಯುತ್ತಿದ್ದಳು.

ಆ ವರ್ಷ ಮಳೆ ತಡವಾಗಿತ್ತು. ಸಮುದ್ರದ ನೀರು ನೆಲದಡಿಯಿಂದ ಬಂದು ದವಾಖಾನೆಯ ಬಾವಿ ಉಪ್ಪಾಗಿಬಿಟ್ಟಿತು. ಆ ನೀರಿನಲ್ಲಿ ಬೇಯಿಸಿದ ಗಂಜಿ ಬಾಯಿಗೆ ಇಡುವಂತಿರಲಿಲ್ಲ. ಕುದಿಸಿದ ಕತ್ತರಿ, ಸೂಜಿಗಳ ಮೇಲೆ ಬಿಳಿ ಪುಡಿ ಕೂರುತ್ತಿತ್ತು. ಸುತ್ತಲಿನ ಮನೆಗಳ ಬಾವಿಗಳೂ ಹಾಗೆಯೇ. ಗಾಡಿಯಲ್ಲಿ ಪೇಟೆಯಿಂದ ತರಿಸುತ್ತಿದ್ದ ನೀರೂ ನಿಂತುಹೋಯಿತು.

ಒಂದು ಬೆಳಿಗ್ಗೆ ಡಾಕ್ಟರ್ ಸಿಸ್ಟರ್ ವಾರ್ಡಿಗೆ ಬಂದು ನಿಂತರು. ಅಪ್ಪ ಆಗತಾನೇ ಊರಿನಿಂದ ಬಂದಿದ್ದ.

“ನಡೆಯಲು ಆಗುವವರು ಮನೆಗೆ ಹೋಗಬೇಕು. ಉಳಿದವರಿಗೆ ಸಾಯಂಕಾಲ ಲಾರಿ ಬರ್ತದೆ, ಹುಬ್ಬಳ್ಳಿಗೆ ಕಳಿಸ್ತೇವೆ. ನೀರಿಲ್ಲದೆ ದವಾಖಾನೆ ನಡೆಸೋದು ಅಂದರೆ ನಾವೇ ರೋಗ ಹಂಚಿದ ಹಾಗೆ” ಎಂದರು.

ಹುಬ್ಬಳ್ಳಿ ಎಂದರೆ ಅಂಕೋಲೆ, ಬಾಳೆಗುಳಿ ದಾಟಿ ಘಟ್ಟ ಹತ್ತಬೇಕು. ಆಗಿನ ಘಟ್ಟದ ರಸ್ತೆಯಲ್ಲಿ ಗಟ್ಟಿ ಆಳುಗಳೇ ಸೋತುಹೋಗುತ್ತಿದ್ದರು.

ಅಪ್ಪ ಕೇಳಿದ: “ನಮ್ಮ ಹುಡುಗಿಗೆ ಲಾರಿ ಕುಲುಕಾಟ ತಡೀತದ್ಯಾ, ಸಿಸ್ಟರ್ ಬಾಯಿ?”

ಡಾಕ್ಟರ್ ಸಿಸ್ಟರ್ ಸುಳ್ಳು ಹೇಳಲಿಲ್ಲ. “ತಡೆಯೋದಿಲ್ಲ ಅಂತ ನನಗೆ ಹೆದರಿಕೆ ಇದೆ” ಎಂದರು.

ಅಪ್ಪ ಹೆಗಲ ಮೇಲಿನ ಪಂಚೆಯನ್ನು ಸೊಂಟಕ್ಕೆ ಬಿಗಿದ. “ನಮ್ಮ ಬಾವಿ ಗುಡ್ಡದ ಬುಡಕ್ಕದೆ. ವೈಶಾಖದಲ್ಲೂ ಸಿಹಿನೀರು. ಲಾರಿಯವನಿಗೆ ಸ್ವಲ್ಪ ತಡಿಯೂಕೆ ಹೇಳಿ. ಇವತ್ತಿನ ಇಳಿತಕ್ಕೇ ನೀರು ತರ್ತೆ.”

ಆಯಿ ಅಕ್ಕನ ಹತ್ತಿರ ಉಳಿದಳು. ಅಪ್ಪ ನನ್ನ ಕೈ ಹಿಡಿದು ದೋಣಿ ಕಟ್ಟುವ ದಕ್ಕೆಗೆ ಓಡಿದ. ಉಬ್ಬರ ಏರುತ್ತಿತ್ತು. ದೋಣಿಯವ ಕೂಡಲೇ ಬಿದಿರಿನ ಜಲ್ಲೆ ಊರಿ ದೋಣಿ ಬಿಟ್ಟ. ಅವನ ಹೆಂಡತಿಯ ಮೊದಲ ಹೆರಿಗೆ ಅದೇ ದವಾಖಾನೆಯಲ್ಲಿ ಆಗಿತ್ತು.

ಕದ್ವಾಡ ಮುಟ್ಟಿದಾಗ ನೆತ್ತಿ ಸುಡುವ ಬಿಸಿಲು. ಅಪ್ಪ ಅಂಗಳದಲ್ಲಿ ನಿಂತು ವಿಷಯ ಹೇಳಿ, ಮನೆಯಲ್ಲಿರುವ ಕೊಡಗಳೆಲ್ಲ ಬೇಕು ಎಂದ. ಅಜ್ಜಿ ಬಾಗಿಲಿಗೆ ಅಡ್ಡ ನಿಂತಳು.

“ಪಾದ್ರಿ ದವಾಖಾನಿಗೆ ನಮ್ಮನಿ ಕೊಡ ಕಳ್ಸೂದಾ? ಅಲ್ಲಿಗೆ ಹೋದ ಕೊಡ ಮತ್ತೆ ದೇವರ ಮುಂದೆ ಇಡೂಕೆ ಬತ್ತದ್ಯಾ? ಎಂತಾ ಮಾತಾಡ್ತೆ ನೀನು!”

ಅಪ್ಪ ಹಟ್ಟಿಗೆ ನಡೆದ. ಅಲ್ಲಿ ದನಕ್ಕೆ ನೀರು ತರುವ ಎರಡು ಹಳೆಯ ಕೊಡ ಇದ್ದವು. ಅವನ್ನೇ ಬೂದಿ ಹಾಕಿ ತಿಕ್ಕಿ, ಬಾವಿಯ ಕಟ್ಟೆ ಹತ್ತಿ ನೀರು ಸೇದತೊಡಗಿದ. ಹಗ್ಗ ಸರಸರ ಇಳಿಯುವುದು, ಕೊಡ ನೀರಿಗೆ ಬಡಿಯುವುದು, ರಾಟೆ ಕಿರುಗುಟ್ಟುವುದು ಬಿಟ್ಟರೆ ಬೇರೆ ಸದ್ದಿರಲಿಲ್ಲ. ಅವನ ಬೆನ್ನಿನ ಮೇಲೆ ಬೆವರು ಹರಿಯುತ್ತಿತ್ತು. ಎರಡು ಕೊಡ ನೀರಿನಿಂದ ದವಾಖಾನೆಗೆ ಏನಾದೀತು ಎಂದು ನನಗೆ ಅಳು ಬಂತು.

ನಾನು ಬೇಲಿ ದಾಟಿ ಓಡಿದೆ. ಜ್ವರದ ವರ್ಷ ಸಿಸ್ಟರ್‌ಗಳು ಕಾಲಿಟ್ಟಿದ್ದ ಒಂದೊಂದೇ ಮನೆಯ ಅಂಗಳದಲ್ಲಿ ನಿಂತು, “ನಮ್ಮಕ್ಕನಿಗೆ ನೀರು ಬೇಕು, ದೋಣಿ ಹೊರಡ್ತದೆ” ಎಂದು ಕೂಗಿದೆ. ಅತ್ತಿಗೆಯೆಂಬಂತೆ ನಾವು ವಯನಿ ಎಂದು ಕರೆಯುತ್ತಿದ್ದ ಪಕ್ಕದ ಮನೆಯವಳು ಮೊದಲು ಹೊರಗೆ ಬಂದಳು. ಸೊಂಟದ ಮೇಲೆ ಹಿತ್ತಾಳೆ ಕೊಡ, ತಲೆಯ ಮೇಲೆ ಮತ್ತೊಂದು. “ನನ್ನ ಗಂಡ ಕಾಲು ಮುರ್ಕಂಡು ಮಲಗಿದಾಗ ಅವರು ಜಾತಿ ಕೇಳ್ಲಿಲ್ಲ. ನಾ ಎಂತಕ್ಕೆ ಕೇಳ್ಲಿ?” ಎಂದಳು. ಅವಳ ಹಿಂದೆ ಮತ್ತೊಬ್ಬರು, ಮಗದೊಬ್ಬರು. ಗದ್ದೆಯ ಹಾಳೆಯ ಮೇಲೆ ಕೊಡಗಳ ಸಾಲು ಬಂತು.

ಕೊನೆಗೆ ನಮ್ಮ ಮನೆಯ ಹಿತ್ತಿಲಿನಿಂದ ಹುಣಸೆಹಣ್ಣಿನ ಹುಳಿ ವಾಸನೆ ಬಂತು. ನೋಡಿದರೆ ಅಜ್ಜಿ ಕೂತು ದೊಡ್ಡ ತಾಮ್ರದ ಹಂಡೆಯನ್ನು ತಿಕ್ಕುತ್ತಿದ್ದಳು. ಅವಳ ತೋಳಿನವರೆಗೂ ಮಸಿ. ನನ್ನನ್ನು ನೋಡಿ ಗದರಿದಳು: “ನಿಂತು ಎಂತ ನೋಡ್ತೆ? ಹಿಡಿ ಆ ಬದಿ. ಅಲ್ಲಿ ಮಲಗಿದವಳು ನನ್ನ ಮೊಮ್ಮಗಳು. ದೇವರಿಗೆ ನಾ ಹೇಳ್ಕಂತೆ.”

ದೋಣಿಯಲ್ಲಿ ಒಣಹುಲ್ಲು ಹಾಸಿ ಕೊಡಗಳನ್ನು ಒತ್ತೊತ್ತಾಗಿ ಇಟ್ಟೆವು. ಪ್ರತಿ ಕೊಡದ ಬಾಯಿಗೂ ಬಾಳೆಎಲೆ ಮುಚ್ಚಿ ನಾರಿನಿಂದ ಬಿಗಿದರು. ನೀರು ತುಂಬಿ ಎಲೆ ಕಟ್ಟಿದ ಹಂಡೆ ನಡುವೆ. ಇಳಿತ ಶುರುವಾಗಿ ಆಗಲೇ ಹೊತ್ತಾಗಿತ್ತು.

ಅರ್ಧ ದಾರಿಯಲ್ಲಿ ಸಮುದ್ರದ ಕಡೆಯಿಂದ ಗಾಳಿ ಎದ್ದಿತು. ನೀರು ಕೆಳಗೆ ಎಳೆಯುತ್ತಿತ್ತು, ಗಾಳಿ ಮೇಲೆ ತಳ್ಳುತ್ತಿತ್ತು. ದೋಣಿಯ ಮೂತಿಗೆ ಅಲೆ ಬಡಿದು ಉಪ್ಪುನೀರು ಒಳಗೆ ಎರಚಿತು. ಹಂಡೆಯ ಮೇಲಿನ ಎಲೆ ಹರಿಯಿತು. ಆ ಉಪ್ಪು ಒಳಗೆ ಬಿದ್ದರೆ ಎಲ್ಲರ ಕಷ್ಟವೂ ಹಾಳು. ನಾನು ಹಂಡೆಯ ಬಾಯಿಯ ಮೇಲೆ ಬೋರಲಾಗಿ ಮಲಗಿದೆ. ಅಲೆ ನನ್ನ ಬೆನ್ನಿಗೆ ಬಡಿಯಿತು, ಕಣ್ಣು ಉರಿಯಿತು. “ಗಟ್ಟಿ ಹಿಡ್ಕ ಮಗಾ, ಬಿಡಬೇಡ!” ಎಂದು ಅಪ್ಪ ಹಿಂದಿನಿಂದ ಕೂಗಿದ. ಅವನೂ ದೋಣಿಯವನೂ ದಂಡೆಯ ಕಾಂಡ್ಲ ಗಿಡಗಳ ಮರೆ ಹಿಡಿದು, ಜಲ್ಲೆಯನ್ನು ಕೆಸರಿಗೆ ಊರಿ, ಮೊಳ ಮೊಳವಾಗಿ ದೋಣಿಯನ್ನು ಮುಂದೆ ತಂದರು.

ದವಾಖಾನೆಯ ಗೇಟಿನಲ್ಲಿ ಲಾರಿ ನಿಂತಿತ್ತು. ಅಕ್ಕನನ್ನು ಮಂಚದ ಸಮೇತ ಜಗಲಿಗೆ ತಂದಿದ್ದರು. ಪಕ್ಕದಲ್ಲಿ ಆಯಿ ಗಂಟು ಹಿಡಿದು ನಿಂತಿದ್ದಳು. ಅಪ್ಪ ಹೆಗಲ ಮೇಲಿದ್ದ ಕೊಡವನ್ನು ಡಾಕ್ಟರ್ ಸಿಸ್ಟರ್ ಮುಂದೆ ಇಳಿಸಿದ. ಅವರು ನಾರು ಬಿಚ್ಚಿ, ಬೊಗಸೆಯಲ್ಲಿ ನೀರು ತೆಗೆದು ಕುಡಿದರು. ಮತ್ತೊಂದು ಬೊಗಸೆ ಕುಡಿದರು. ಪಾಪ, ಅವರಿಗೂ ಎಷ್ಟು ಬಾಯಾರಿತ್ತೋ.

“ಇವತ್ತಿಗೆ ಆಯಿತು. ನಾಳೆಗೆ?” ಎಂದರು.

“ಮಳೆ ಬೀಳೂವರೆಗೆ ದಿನಾ ಇಳಿತಕ್ಕೆ ದೋಣಿ ಬತ್ತದೆ. ನಾ ಬರದಿದ್ರೆ ಮತ್ತೊಬ್ಬ ಬತ್ತ” ಎಂದ ಅಪ್ಪ.

ಲಾರಿ ಖಾಲಿಯೇ ಹೋಯಿತು. ಆಯಿ ಗಂಟನ್ನು ಕೆಳಗಿಟ್ಟು ಅತ್ತಳು. ಅಕ್ಕ ಮೆಲ್ಲಗೆ ಕೈ ಚಾಚಿ ನನ್ನ ಒದ್ದೆ ಜಡೆಯನ್ನು ಹಿಡಿದಳು.

ಅಪ್ಪ ಹೇಳಿದಂತೆಯೇ ಆಯಿತು. ನಮ್ಮ ಊರು ಒಂದು ದಿನ, ಪಕ್ಕದ ಊರು ಮತ್ತೊಂದು ದಿನ. ಮೊದಲ ಮಳೆ ಬೀಳುವವರೆಗೂ ದೋಣಿ ತಪ್ಪಲಿಲ್ಲ. ಮುಂದಿನ ವರ್ಷ ದವಾಖಾನೆಯವರು ಸ್ವಲ್ಪ ಎತ್ತರದ ಜಾಗದಲ್ಲಿ ಹೊಸ ಬಾವಿ ತೋಡಿಸಿದಾಗ ಬೇಸಾಯದವರು ಗುದ್ದಲಿ ತಂದರು, ಮೀನುಗಾರರು ಬಲೆಯ ಹಗ್ಗ ತಂದರು. ಅಜ್ಜಿ ಅಗೆಯುವವರಿಗೆ ಗಂಜಿ ಕಾಯಿಸಿಕೊಂಡು ದೋಣಿ ಹತ್ತಿ ಬಂದಳು. ಅಕ್ಕ ನೀರು ತಂದ ವರ್ಷವೇ ನಾಟಿಯ ಹೊತ್ತಿಗೆ ಮನೆಗೆ ಬಂದವಳು, ಆಮೇಲೆ ಅಂಕೋಲೆಗೆ ಮದುವೆಯಾಗಿ ಹೋದಳು. ಮಕ್ಕಳೇ, ಮೊಣಕಾಲು ನೋವೆಂದು ಫೋನಿನಲ್ಲಿ ಗೊಣಗುವ ನಿಮ್ಮ ದೊಡ್ಡಜ್ಜಿ ಅವಳೇ.

ಈಗ ನಿಮಗೆ ಕಾಳಿಯ ಮೇಲೆ ಸೇತುವೆ ಇದೆ, ಮನೆಯ ಮುಂದೆ ಟಾರ್ ರಸ್ತೆ ಇದೆ, ನಿಮ್ಮ ಅಪ್ಪನ ಜೇಬಿನಲ್ಲಿ ಮೊಬೈಲ್ ಇದೆ. ಜ್ವರ ಬಂದರೆ ರಿಕ್ಷಾ ಹತ್ತಿ, ಒಂದು ಹಾಡು ಮುಗಿಯುವುದರೊಳಗೆ ಅದೇ ದವಾಖಾನೆ ಬೆಳೆದು ಆದ ಆಸ್ಪತ್ರೆಯಲ್ಲಿರುತ್ತೀರಿ. ಅಲ್ಲಿ ಸ್ಕ್ಯಾನಿಂಗ್ ಮಶೀನು ಬಂದಿದೆ, ನಲ್ಲಿ ತಿರುಗಿಸಿದರೆ ನೀರು ಬರುತ್ತದೆ. ಬರಲಿ. ಅದಕ್ಕಾಗಿಯೇ ಅಷ್ಟು ಜನ ಬೆವರು ಸುರಿಸಿದ್ದು. ಆದರೆ ಮೊನ್ನೆ ಊಟದ ಹೊತ್ತಿಗೆ ಅಲ್ಲಿಂದ ಫೋನ್ ಬಂತಲ್ಲ, ಯಾರಿಗೋ ರಕ್ತ ಬೇಕೆಂದು? ನಿಮ್ಮ ಅಪ್ಪ ಕೈ ತೊಳೆದು ಬೈಕ್ ಹತ್ತಿದ. ಯಾರಿಗೆ, ಯಾವ ಜಾತಿ ಎಂದು ಕೇಳಲಿಲ್ಲ. “ಸೂಜಿ ಎಂದರೆ ನನಗೆ ಹೆದರಿಕೆ” ಎಂದು ನಿಮ್ಮಲ್ಲಿ ಒಬ್ಬಳು ಆಗ ನನ್ನ ಸೆರಗಿನಲ್ಲಿ ಮುಖ ಮುಚ್ಚಿಕೊಂಡಳು. ಹೆದರಿಕೆ ಇರಲಿ, ಪರವಾಗಿಲ್ಲ. ನಿಮಗೆ ಹದಿನೆಂಟು ತುಂಬಿದ ದಿನ ನಾನೇ ನಿಮ್ಮ ಕೈ ಹಿಡಿದು ರಕ್ತ ಕೊಡಲು ಅಲ್ಲಿಗೆ ಕರೆದುಕೊಂಡು ಹೋಗುತ್ತೇನೆ. ಅಷ್ಟು ಹೊತ್ತಿಗೆ ನಾನು ಇಲ್ಲದಿದ್ದರೆ, ಒಬ್ಬರ ಕೈ ಒಬ್ಬರು ಹಿಡಿದುಕೊಂಡು ನೀವೇ ಹೋಗಿ.