ರಾಸ್ ಅಲ್ ಖೋರ್‌ನ ಉಲ್ಲಂಕಿ ಎಣಿಕೆ

೨೦೧೬ರ ಜನವರಿ ೧೬, ಶನಿವಾರ, ಬೆಳಿಗ್ಗೆ ೬.೪೦. ಅಬುಧಾಬಿಯ ಮೊಹಮ್ಮದ್ ಬಿನ್ ಜಾಯೆದ್ ಸಿಟಿಯಿಂದ ನಾವು ಮೂವರು ದುಬೈಗೆ ಹೊರಟೆವು. ಕಾರು ನನ್ನ ತಾಯಿಯ ತಮ್ಮ ದಯಾನಂದ ಮಾಮನದು. ಮಲ್ಪೆಯ ಮೀನು ವ್ಯಾಪಾರದ ಮನೆಯವರು. ಇಲ್ಲಿಗೆ ಬಂದು ಹತ್ತೊಂಬತ್ತು ವರ್ಷವಾಯಿತು, ಇಲ್ಲಿಯೂ ಮೀನಿನದೇ ವ್ಯಾಪಾರ. ಹಿಂದಿನ ಸೀಟಿನಲ್ಲಿ ಜಪಾನಿನ ನಕಾಜಿಮಾ ಸಾನ್ ಇದ್ದರು; ‘ಸಾನ್’ ಎಂದರೆ ಅವರ ಭಾಷೆಯಲ್ಲಿ ನಮ್ಮ ‘ಅವರು’ ಇದ್ದಂತೆ. ನಾನು ಕಡತ ನೋಡಿಕೊಳ್ಳುವ ನೀರು ಶುದ್ಧೀಕರಣ ಸ್ಥಾವರದಲ್ಲಿ ಅವರು ಎಂಜಿನಿಯರ್. ಮಡಿಲಲ್ಲಿ ದುರ್ಬೀನು, ಅದರ ಮೇಲೆ ಒಂದು ನೋಟ್‌ಬುಕ್.

ದುಬೈ ಕ್ರೀಕ್ ಎಂಬ ಹಿನ್ನೀರಿನ ತುದಿಯಲ್ಲಿ ರಾಸ್ ಅಲ್ ಖೋರ್ ಎಂಬ ರಕ್ಷಿತ ಜೌಗು ಪ್ರದೇಶವಿದೆ. ನಕಾಜಿಮಾ ಸಾನ್ ಪ್ರತಿ ಜನವರಿಯ ಮೂರನೇ ಶನಿವಾರ ಅಲ್ಲಿ ಒಂದೇ ಜಾಗದಲ್ಲಿ ನಿಂತು ಹಕ್ಕಿ ಎಣಿಸುತ್ತಾರೆ. ಐದು ವರ್ಷದ ಸಂಖ್ಯೆಗಳು ನೋಟ್‌ಬುಕ್ಕಿನಲ್ಲಿದ್ದವು. ಇದು ಆರನೆಯದು, ಕೊನೆಯದು ಕೂಡ. ತಿಂಗಳ ಕೊನೆಗೆ ಅವರು ಜಪಾನಿಗೆ ಮರಳುವವರಿದ್ದರು. ಡಿಸೆಂಬರಿನಲ್ಲಿ ಕಣ್ಣಿನ ಶಸ್ತ್ರಚಿಕಿತ್ಸೆ ಆದ್ದರಿಂದ ದುರ್ಬೀನಿನಲ್ಲಿ ಹೆಚ್ಚು ಹೊತ್ತು ನೋಡುವಂತಿರಲಿಲ್ಲ. ಹಾಗಾಗಿ ಅವರಿಗೆ ನಮ್ಮ ಕಣ್ಣುಗಳು ಬೇಕಾಗಿದ್ದವು.

ಹೆದ್ದಾರಿಯಲ್ಲಿ ಮಂಜು ಕವಿದಿತ್ತು. ಐವತ್ತನೇ ಕಿಲೋಮೀಟರಿನವರೆಗೂ ಮುಂದಿನ ಲಾರಿಯ ಕೆಂಪು ದೀಪಗಳ ಹೊರತು ಏನೂ ಕಾಣಲಿಲ್ಲ.

"ಇವ್ರು ಎಣಿಸಿದ್ರೆ ಹಕ್ಕಿ ಹೆಚ್ಚಾಗ್ತದಾ ಮಾರಾಯ್ತಿ?" ಎಂದು ಮಾಮ ಕೇಳಿದರು.

"ಹೆಚ್ಚಾಗುದಿಲ್ಲ ಮಾಮ. ಕಡಿಮೆ ಆದ್ರೆ ಗೊತ್ತಾಗ್ತದೆ."

"ನೂರಿಪ್ಪತ್ತು ಕಿಲೋಮೀಟರ್ ಹೋಗಿ ಹಕ್ಕಿ ಎಣಿಸುದು. ನಿನ್ನ ಅಮ್ಮನಿಗೆ ಹೇಳ್ಬೇಡ, ನನಗೆ ತಲೆ ಸರಿ ಇಲ್ಲ ಅಂತಾಳೆ."

ಏನು ಮಾತೆಂದು ನಕಾಜಿಮಾ ಸಾನ್ ಕೇಳಿದರು. ನಾನು ಇಂಗ್ಲಿಷಿನಲ್ಲಿ ಹೇಳಿದೆ. ಅವರು ನಕ್ಕು, ತಮ್ಮ ಊರಿನ ಸಂಗತಿ ತಿಳಿಸಿದರು. ಟೋಕಿಯೋ ಕೊಲ್ಲಿಯ ಅಂಚಿನಲ್ಲಿ, ಅವರ ಮನೆಯ ಹತ್ತಿರ, ಒಂದು ಕಡಲತೀರದ ಉದ್ಯಾನವಿದೆ. ಸುತ್ತಲಿನ ಕೆಸರು ಬಯಲನ್ನೆಲ್ಲ ಮಣ್ಣು ತುಂಬಿ ಕಟ್ಟಡ ಮಾಡಿದರೂ ಅದೊಂದು ಉಳಿಯಿತು. "ಅದನ್ನೂ ತುಂಬುವ ಮಾತು ಬಂದಾಗ, ಇಲ್ಲಿ ಹಕ್ಕಿಗಳೆಷ್ಟು ಎಂದು ಅಧಿಕಾರಿಗಳು ಕೇಳಿದರು. ಉತ್ತರ ಇದ್ದದ್ದು ನಮ್ಮ ಬೀದಿಯ ನಾಲ್ಕೈದು ಜನರ ನೋಟ್‌ಬುಕ್ಕಿನಲ್ಲಿ. ಒಂದು ವರ್ಷ ಖಾಲಿ ಬಿಟ್ಟಿದ್ದರೆ, ಆ ಖಾಲಿ ಜಾಗವನ್ನೇ ಬೆರಳಿಟ್ಟು ತೋರಿಸುತ್ತಿದ್ದರು."

ಮಾಮ ಆಮೇಲೆ ತಮಾಷೆ ಮಾಡಲಿಲ್ಲ.

ದಾರಿಯಲ್ಲಿ ಪೆಟ್ರೋಲ್ ಬಂಕಿನ ಪಕ್ಕ ತಲಾ ಒಂದು ದಿರ್ಹಮ್‌ನ ಕರಕ್ ಚಹಾ ಕುಡಿದೆವು. ಮಾಮನ ಮನೆಯಿಂದ ಅತ್ತೆ ಕಟ್ಟಿಕೊಟ್ಟ ಇಡ್ಲಿ ಹನ್ನೆರಡರಲ್ಲಿ ಒಂಬತ್ತು ಖರ್ಚಾಯಿತು. ೮.೫೦ಕ್ಕೆ ತಲುಪಿದೆವು. ಬಾಗಿಲು ತೆರೆದದ್ದು ೯ಕ್ಕೆ. ಪ್ರವೇಶ ಶುಲ್ಕವಿಲ್ಲ. ಹಕ್ಕಿಗಳಿಗೆ ನಾವು ಕಾಣದಂತೆ ಕಟ್ಟಿದ ಮರದ ಗುಡಿಸಲೊಂದಿದೆ. ಅದರ ಉದ್ದನೆಯ ಕಿಂಡಿಗಳಿಂದ ಹೊರಗೆ ನೋಡಬೇಕು. ಎದುರಿಗೆ ಆಳವಿಲ್ಲದ ನೀರು, ಕೆಸರು, ಬಲಕ್ಕೆ ಉಪ್ಪು ನೀರಿನಲ್ಲಿ ಬೆಳೆಯುವ ಕಾಂಡ್ಲಾ ಗಿಡಗಳ ದಟ್ಟ ಹಸಿರು. ಅದರಾಚೆ ಗಾಜಿನ ಕಟ್ಟಡಗಳು ಮಂಜಿನಿಂದ ಒಂದೊಂದಾಗಿ ಹೊರಬರುತ್ತಿದ್ದವು. ಉಬ್ಬರ ಏರುತ್ತಿತ್ತು. ಕೆಸರು ಮುಳುಗಿದಂತೆಲ್ಲ ಹಕ್ಕಿಗಳು ಒತ್ತಾಗಿ ಬಂದು ನಿಲ್ಲುತ್ತವೆ, ಎಣಿಸಲು ಅದೇ ಸರಿಯಾದ ಹೊತ್ತು ಎಂದು ನಕಾಜಿಮಾ ಸಾನ್ ಹೇಳಿದರು.

ಫ್ಲೆಮಿಂಗೋಗಳನ್ನು ನನಗೆ ವಹಿಸಿದರು. ಬೆರಳಿನಿಂದ ಒತ್ತುವ ಎಣಿಕೆ ಡಬ್ಬಿ ಹಿಡಿದು ಎಡದಿಂದ ಬಲಕ್ಕೆ ಎಣಿಸಿದೆ: ೪೧೨. ಬಲದಿಂದ ಎಡಕ್ಕೆ ಎಣಿಸಿದಾಗ ೪೦೯. ಮೂರನೇ ಸಲ ಮತ್ತೆ ೪೧೨.

ಕೆಸರಿನಲ್ಲಿ ಓಡಾಡುವ ಸಣ್ಣ ಉಲ್ಲಂಕಿಗಳು ಕಷ್ಟದವು. ಗುಬ್ಬಿಗಿಂತ ತುಸು ದೊಡ್ಡವು, ಕೆಸರಿನದೇ ಬಣ್ಣ. ಮಾಮ ಅವನ್ನು ಒಪ್ಪಿಕೊಂಡರು. ಬುಟ್ಟಿ ಬಂಗುಡೆ ನೋಡಿ ಎಷ್ಟೆಂದು ಹೇಳುವ ಕಣ್ಣು ಅವರದು. ಎಣಿಕೆ ಡಬ್ಬಿ ಬೇಡವೆಂದರು. ನಾಲ್ಕು ನಾಲ್ಕಾಗಿ ಎಣಿಸುವುದು, ನೂರಾದಾಗ ಕಿಂಡಿಯ ಹಲಗೆಯ ಮೇಲೆ ಒಂದು ನೆಲಗಡಲೆ ಇಡುವುದು. ತುಟಿ ಮಾತ್ರ ಅಲುಗುತ್ತಿತ್ತು.

ನನ್ನ ಕೆಲಸ ಮುಗಿದಿದ್ದರಿಂದ ಅವರನ್ನೇ ನೋಡುತ್ತಿದ್ದೆ. ಹತ್ತು ಕಡಲೆ ಸಾಲಾಗಿದ್ದವು. ಇಪ್ಪತ್ತೈದನೇ ನಾಲ್ಕಕ್ಕೆ "ನೂರು" ಎಂದರು. ಆದರೆ ಕಡಲೆ ಇಡಲಿಲ್ಲ. ಬೆರಳು ಇನ್ನೂ ನಾಲ್ಕು ಹಕ್ಕಿಗಳನ್ನು ದಾಟಿತು. ಆಮೇಲೆ ಕಡಲೆ ಇಟ್ಟು ಮತ್ತೆ ಒಂದರಿಂದ ಶುರು ಮಾಡಿದರು. ಕೊನೆಗೆ ಮೂವತ್ತಾರು ಉಳಿದವು.

"ಸಾವಿರದ ನೂರ ಮೂವತ್ತಾರು. ಖಲಾಸ್," ಎಂದರು.

"ಮಾಮ, ನೂರಾದ ಮೇಲೆ ನಾಲ್ಕು ಬಿಟ್ರಲ್ಲ, ಅದೇನು?"

"ಕೊಸರು."

"ಹಕ್ಕಿಗೆ ಕೊಸರಾ?"

ಅವರು ಕಡಲೆಗಳನ್ನು ನೋಡಿದರು. "ಅಯ್ಯೋ. ನಮ್ಮಲ್ಲಿ ನೂರು ಮೀನಿಗೆ ನಾಲ್ಕು ಕೊಸರು ಬಿಡ್ಲೇಬೇಕು, ಅದು ಲೆಕ್ಕಕ್ಕಿಲ್ಲ. ಗಿರಾಕಿಗೆ ನಷ್ಟ ಆಗ್ಬಾರ್ದಲ್ಲ."

"ಇಲ್ಲಿ ಗಿರಾಕಿ ಯಾರು ಮಾಮ?"

"ಸುಮ್ನಿರು. ಇನ್ನೊಮ್ಮೆ ಎಣಿಸ್ತೇನೆ."

ಮುನ್ನೂರರವರೆಗೆ ಬಂದಿದ್ದರು. ಆಗ ಕಾಂಡ್ಲಾ ಕಡೆಯಿಂದ ಕಂದು ಬಣ್ಣದ ಬೇಟೆ ಹಕ್ಕಿಯೊಂದು ತಗ್ಗಿನಲ್ಲಿ ಹಾರಿಬಂತು. ಉಲ್ಲಂಕಿಗಳೆಲ್ಲ ಒಟ್ಟಿಗೆ ಎದ್ದು, ಒಮ್ಮೆ ಬಿಳಿಯಾಗಿ ಒಮ್ಮೆ ಕಪ್ಪಾಗಿ ತಿರುಗಿ, ಗಿಡಗಳಾಚೆ ಹೋದವು. ಸಮಯ ೯.೫೨. ಅವು ನಿಂತಿದ್ದ ಕೆಸರನ್ನು ಹತ್ತೂವರೆಯ ಹೊತ್ತಿಗೆ ನೀರು ಮುಚ್ಚಿತು. ೧೨.೪೫ರವರೆಗೆ ಕಾದೆವು. ಹಿಂದಿರುಗಿದವು ಎಪ್ಪತ್ತೊಂದು.

ನಕಾಜಿಮಾ ಸಾನ್‌ಗೆ ಕೊಸರೆಂದರೇನು ಎಂದು ವಿವರಿಸಿದೆ. ತಮ್ಮ ಊರಿನ ಅಂಗಡಿಯವರೂ ಹಾಗೆ ಹೆಚ್ಚಿಗೆ ಕೊಡುತ್ತಾರೆ ಎಂದರು. ಆಮೇಲೆ ಮಾಮನನ್ನು ಕೇಳಿದರು: "ಹನ್ನೊಂದು ನೂರರಲ್ಲಿ ಎಷ್ಟು ಸಲ ಬಿಟ್ಟಿರಿ?"

"ಮೊದಲ ನೂರಕ್ಕೆ ಬಿಡ್ಲಿಲ್ಲ ಸರ್. ಆಮೇಲೆ ಕೈ ಅದರಷ್ಟಕ್ಕೆ ಹೋಯ್ತು. ಎಲ್ಲಿಂದ ಅಂತ ಗೊತ್ತಿಲ್ಲ." ಮಾಮ ಇದನ್ನು ಹಿಂದಿಯಲ್ಲಿ ಒಮ್ಮೆ, ಇಂಗ್ಲಿಷಿನಲ್ಲಿ ಒಮ್ಮೆ ಹೇಳಿದರು.

ಅರ್ಧದಷ್ಟು ಸಲ ಎಂದು ಹಿಡಿದು ಇಪ್ಪತ್ತೆರಡು ಸೇರಿಸಬಹುದು ಎಂದೆ ನಾನು. ನಕಾಜಿಮಾ ಸಾನ್ ಬೇಡವೆಂದು ತಲೆಯಾಡಿಸಿದರು. "ಅದು ನೀವು ಮಾಡಿದ ಸಂಖ್ಯೆ. ಹಕ್ಕಿಗಳದ್ದಲ್ಲ." ಫ್ಲೆಮಿಂಗೋ ೪೧೨ ಎಂಬುದನ್ನು ಶಾಯಿಯಲ್ಲಿ ಬರೆದರು. ಕೊಸರು ಬಿಟ್ಟದ್ದು ಕನಿಷ್ಠ ಒಂದು ಸಲ, ಹೆಚ್ಚೆಂದರೆ ಹತ್ತು ಸಲ ಎಂದು ಹಿಡಿದು, ಉಲ್ಲಂಕಿಯ ಚೌಕದಲ್ಲಿ ಪೆನ್ಸಿಲಿನಿಂದ ೧೧೪೦ರಿಂದ ೧೧೭೬ ಎಂದು ಬರೆದರು. ಹಿಂದಿನ ಐದು ಚೌಕಗಳಲ್ಲೂ ಒಂದೊಂದೇ ಸಂಖ್ಯೆ ಇತ್ತು.

ಮಧ್ಯಾಹ್ನ ದುಬೈ ಪೇಟೆಯ ಅಲ್ ಮುರಕ್ಕಬಾತ್‌ನಲ್ಲಿ ಊಟ ಮಾಡಿದೆವು. ಮಾಮ ಅನ್ನವನ್ನು ಅರ್ಧಕ್ಕೆ ಬಿಟ್ಟರು. "ನಾಳೆ ವ್ಯಾಪಾರಕ್ಕೆ ರಜೆ ಹಾಕ್ತೇನೆ, ಪುನಃ ಬರುವ ಅಂತ ಹೇಳು," ಎಂದರು. ಹೇಳಿದೆ.

"ನಾಳೆ ಬರುವುದು ನಾಳಿನ ಹಕ್ಕಿಗಳು," ಎಂದರು ನಕಾಜಿಮಾ ಸಾನ್. ಬಳಿಕ ಮಾಮನ ಕಡೆ ತಿರುಗಿದರು. "ನೀವು ಹೇಳದೇ ಇರಬಹುದಿತ್ತು. ಆಗ ಚೌಕದಲ್ಲಿ ಒಂದೇ ಸಂಖ್ಯೆ ಇರುತ್ತಿತ್ತು, ಅದು ತಪ್ಪಾಗಿರುತ್ತಿತ್ತು."

ಮಾಮನಿಗೆ ಇದರಿಂದ ಸಮಾಧಾನ ಆದಂತೆ ಕಾಣಲಿಲ್ಲ. ಸಂಜೆ ೫.೨೦ಕ್ಕೆ ಮನೆ ತಲುಪಿದೆವು. ಒಟ್ಟು ೨೭೧ ಕಿಲೋಮೀಟರ್. ಇಳಿಯುವಾಗ ಮಾಮ ಹೇಳಿದರು: "ನೀನು ಇದನ್ನೆಲ್ಲ ಪತ್ರಿಕೆಗೆ ಬರೀತಿಯಲ್ಲ? ನನ್ನ ಹೆಸರು ಹಾಕು. ಯಾರಾದ್ರೂ ಅಲ್ಲಿ ಇದ್ದವರು ಓದ್ಲಿ."

ನಕಾಜಿಮಾ ಸಾನ್ ಈಗ ಜಪಾನಿನಲ್ಲಿದ್ದಾರೆ. ನೋಟ್‌ಬುಕ್ಕಿನ ಆ ಪುಟದ ನಕಲು ನನ್ನ ಬಳಿಯಿದೆ. ಆ ದಿನ ಬೆಳಿಗ್ಗೆ ಒಂಬತ್ತರಿಂದ ಹತ್ತರ ನಡುವೆ, ಕಾಂಡ್ಲಾ ಗಿಡಗಳ ಪಕ್ಕದ ಇನ್ನೊಂದು ಗುಡಿಸಲಿನಲ್ಲಿ ಇಬ್ಬರು ಮುಕ್ಕಾಲಿಯ ಮೇಲೆ ದುರ್ಬೀನಿಟ್ಟು ಕಾಗದದಲ್ಲಿ ಗೀಟು ಹಾಕುತ್ತಿದ್ದುದನ್ನು ನಾನು ದೂರದಿಂದ ನೋಡಿದ್ದೆ. ಅವರು ಯಾರೆಂದು ಬಲ್ಲವರು, ಅಥವಾ ಅಂದು ಅಲ್ಲಿ ಉಲ್ಲಂಕಿಗಳನ್ನು ಎಣಿಸಿದವರು ಬೇರೆ ಯಾರಾದರೂ ಇದ್ದರೆ, ದಯವಿಟ್ಟು ಈ ಪತ್ರಿಕೆಗೆ ಬರೆಯಿರಿ. ನಿಮ್ಮ ಸಂಖ್ಯೆ ನಮ್ಮ ಎರಡಕ್ಕೂ ಹೊಂದದಿದ್ದರೂ ಕಳುಹಿಸಿ.